ಬೀಜಿಂಗ್‌ನಲ್ಲಿ ಎರಡೇ ದಿನ, ಪ್ರೈವೇಟ್ ಗೈಡ್ ಜೊತೆ ಅರಮನೆ-ಗೋಡೆ: ಈ ಪ್ಲಾನ್ ನಡೆಯುತ್ತಾ?

ಸಂಜೆರೈಲು

ಏಪ್ರಿಲ್ 12, ಭಾನುವಾರ ರಾತ್ರಿ ಬೀಜಿಂಗ್ ತಲುಪ್ತೀವಿ. 15ರ ಬುಧವಾರ ಬೆಳಗ್ಗೆ ವಾಪಸ್ ವಿಮಾನ. ಕೈಯಲ್ಲಿರೋದು ಸೋಮವಾರ, ಮಂಗಳವಾರ ಅಷ್ಟೇ. ನಾವು ಮೂರು ಜನ: ನಾನು, ಅಪ್ಪ (68 ವರ್ಷ, ಸಮತಟ್ಟಾದ ನೆಲದಲ್ಲಿ 3–4 ಕಿ.ಮೀ. ಆರಾಮಾಗಿ ನಡೀತಾರೆ, ಮೆಟ್ಟಿಲು ಅಂದ್ರೆ ಮಂಡಿ ಹಿಡ್ಕೊಳ್ಳುತ್ತೆ), ಅಮ್ಮ (ಸಸ್ಯಾಹಾರಿ, ಮೊಟ್ಟೆಯೂ ಇಲ್ಲ). ವೀಸಾ ಆಗಿದೆ.

ಒಂದು ಏಜೆನ್ಸಿ ಕಳಿಸಿರೋ ಪ್ಲಾನ್ ಹೀಗಿದೆ. ಸೋಮವಾರ: ತಿಯಾನನ್‌ಮೆನ್ ಚೌಕ, ಫರ್ಬಿಡನ್ ಸಿಟಿ (ಚಕ್ರವರ್ತಿಗಳ ಹಳೇ ಅರಮನೆ), ಟೀ ಸೆರಮನಿ, ಟೆಂಪಲ್ ಆಫ್ ಹೆವನ್. ಮಂಗಳವಾರ: ಬಾಡಾಲಿಂಗ್‌ನಲ್ಲಿ ಮಹಾಗೋಡೆ, ಮಿಂಗ್ ಗೋರಿಗಳು, ಜೇಡ್ ಮ್ಯೂಸಿಯಂ, ಸಮ್ಮರ್ ಪ್ಯಾಲೇಸ್. ಕಾರು, ಇಂಗ್ಲಿಷ್ ಗೈಡ್, ಟಿಕೆಟ್, ಮಧ್ಯಾಹ್ನದ ಊಟ ಎಲ್ಲ ಸೇರಿ ಮೂವರಿಗೆ 4,600 ಯುವಾನ್.

ಕೇಳಬೇಕಾಗಿರೋದು ಮೂರು. ಇಷ್ಟು ಜಾಗ ಎರಡು ದಿನದಲ್ಲಿ ಮುಗಿಯುತ್ತಾ? ಈ ದುಡ್ಡು ಸರೀನಾ? ಗೈಡ್ ನಿಜವಾಗ್ಲೂ ಬೇಕಾ, ಇಲ್ಲಾ ಆಡಿಯೊ ಗೈಡ್ ಸಾಕಾ?

ದಾರಿಬುತ್ತಿ

ಮಿಕ್ಕಿದ್ದು ಆಮೇಲೆ. ಮೊದಲು ಆ ಏಜೆನ್ಸಿಗೆ ಒಂದೇ ಪ್ರಶ್ನೆ ಕಳಿಸಿ: ಸೋಮವಾರ ಫರ್ಬಿಡನ್ ಸಿಟಿ ಹೇಗೆ ತೋರಿಸ್ತೀರಿ?

ಸರ್ಕಾರಿ ರಜೆ ಬಿದ್ದರೆ ಬೇರೆ ಮಾತು, ಇಲ್ಲದಿದ್ದರೆ ಪ್ರತಿ ಸೋಮವಾರ ಅದಕ್ಕೆ ಬಾಗಿಲು ಹಾಕಿರುತ್ತೆ. ಟೆಂಪಲ್ ಆಫ್ ಹೆವನ್ ಸುತ್ತಲಿನ ಉದ್ಯಾನ ಸೋಮವಾರವೂ ತೆರೆದಿರುತ್ತೆ. ಆದರೆ ನೋಡೋಕೆ ಹೋಗೋದೇ ಆ ನೀಲಿ ಛಾವಣಿಯ ಮಂದಿರ, ವರ್ತುಲ ವೇದಿಕೆ, ಪ್ರತಿಧ್ವನಿ ಗೋಡೆ. ಆ ಆವರಣಗಳಿಗೂ ಸೋಮವಾರ ರಜೆ. ಅಂದ್ರೆ ಮೊದಲ ದಿನದ ಪ್ಲಾನ್‌ನಲ್ಲಿ ಗ್ಯಾರಂಟಿಯಾಗಿ ಉಳಿಯೋದು ಟೀ ಸೆರಮನಿ ಒಂದೇ.

ಅದಲು ಬದಲು ಮಾಡಿ. ಸೋಮವಾರ ಗೋಡೆ, ಮಂಗಳವಾರ ಊರೊಳಗಿನದು.

ಗೋಡೆಗೆ ಬಾಡಾಲಿಂಗ್ ಬೇಡ, ಅದೇ ಗೋಡೆಯ ಇನ್ನೊಂದು ಭಾಗ ಮುತಿಯಾನ್ಯು ಹಿಡೀರಿ. ಬೀಜಿಂಗ್‌ನಿಂದ ಸುಮಾರು 70 ಕಿ.ಮೀ., ಬೆಳಗ್ಗೆ 7ಕ್ಕೆ ಹೊರಟರೆ ಒಂದೂವರೆಯಿಂದ ಎರಡು ಗಂಟೆ. ಬಾಡಾಲಿಂಗ್‌ಗೆ ರೈಲಿದೆ, ಅದಕ್ಕೇ ಜನವೂ ಅಲ್ಲಿಗೇ. ಮುತಿಯಾನ್ಯು ಟಿಕೆಟ್ ಲೆಕ್ಕ ಒಂದೊಂದಾಗಿ ನೋಡಿ: ಪ್ರವೇಶ 45 ಯುವಾನ್, ಗೇಟಿನಿಂದ ಬೆಟ್ಟದ ಬುಡದವರೆಗೆ ಶಟಲ್ ಬಸ್ ಹೋಗಿಬರೋಕೆ 15, ಕೇಬಲ್ ಕಾರ್ ಹೋಗಿಬರೋಕೆ 140, ಒಂದು ಕಡೆ ಆದ್ರೆ 100. ಜನ ಎಡವೋದು ಇಲ್ಲೇ. ಮುಚ್ಚಿದ ಡಬ್ಬಿಯ ಕೇಬಲ್ ಕಾರ್ 14ನೇ ಬುರುಜಿಗೆ ಹೋಗುತ್ತೆ, ತೆರೆದ ಚೇರ್‌ಲಿಫ್ಟ್ 6ನೇ ಬುರುಜಿಗೆ. ಜಾರುಬಂಡಿ ಇಳಿಯೋದೂ 6ರಿಂದಲೇ. ಎರಡನ್ನೂ ನಡೆಸೋದು ಬೇರೆ ಬೇರೆ ಕಂಪನಿ, ಒಂದರ ರಿಟರ್ನ್ ಟಿಕೆಟ್ ಇನ್ನೊಂದರಲ್ಲಿ ನಡೆಯಲ್ಲ. ಕೇಬಲ್ ಕಾರಲ್ಲಿ ಹತ್ತಿ ಜಾರುಬಂಡಿಯಲ್ಲಿ ಇಳಿಯೋ ಆಸೆ ಇದ್ರೆ ಎರಡು ಸಿಂಗಲ್ ತಗೋಬೇಕು, ತಲೆಗೆ 200. ವಯಸ್ಸಾದವರನ್ನು ಜಾರುಬಂಡಿಗೆ ಹತ್ತಿಸೋಕೆ ನಿರ್ಬಂಧ ಇದೆ, ನಿಮ್ಮ ತಂದೆಗೆ ಜಾರುಬಂಡಿ ಇಲ್ಲ ಅಂತಲೇ ಅಂದ್ಕೊಳ್ಳಿ.

ಅವರಿಗೆ ಕೇಬಲ್ ಕಾರ್ ರಿಟರ್ನೇ ಸರಿ. ಶಟಲ್ ಇಳಿದ ಮೇಲೆ ನಿಲ್ದಾಣದವರೆಗೂ ಸ್ವಲ್ಪ ಏರು ಇದೆ, ಅಲ್ಲಿ ಅವಸರ ಬೇಡ. ಮೇಲೆ 14ರಿಂದ 6ರ ಕಡೆಗೆ, ಅಂದ್ರೆ ಸಂಖ್ಯೆ ಕಡಿಮೆಯಾಗೋ ದಿಕ್ಕಿಗೆ, ಒಂದೆರಡು ಬುರುಜು ಹೋಗಿ ವಾಪಸ್ ಬನ್ನಿ. 20ರ ಕಡೆ ಮುಖ ಮಾಡಬೇಡಿ, ಅದು ಏಣಿ ನಿಲ್ಲಿಸಿದ ಹಾಗಿದೆ. ಗೋಡೆಯ ಮೆಟ್ಟಿಲಿಗೆ ಒಂದೇ ಅಳತೆ ಅನ್ನೋದಿಲ್ಲ. ಒಂದು ಗೇಣಿನಷ್ಟು ಕುಳ್ಳಗಿದ್ರೆ ಮುಂದಿನದು ಮೊಣಕಾಲೆತ್ತರ. ಮಂಡಿಗೆ ಹೊಡೆತ ಬೀಳೋದು ಹತ್ತುವಾಗಲ್ಲ, ಇಳಿಯುವಾಗ. ಮಡಚುವ ಊರುಗೋಲು ಇದ್ರೆ ಹಾಕ್ಕೊಳ್ಳಿ.

ಗೋಪುರದ_ಗೊಂಬೆ

ದುಡ್ಡಿನ ಮಾತು ನಾನು ಹೇಳ್ತೀನಿ.

ಟಿಕೆಟ್ ಎಷ್ಟಾಗುತ್ತೆ ಅಂತ ನೀವೇ ಕೂಡಿ ನೋಡಿ. ಏಪ್ರಿಲ್‌ನಿಂದ ಅಕ್ಟೋಬರ್‌ವರೆಗೆ ಫರ್ಬಿಡನ್ ಸಿಟಿ 60 (ಚಳಿಗಾಲದಲ್ಲಿ 40), ಅದರೊಳಗಿನ ಖಜಾನೆ ಗ್ಯಾಲರಿ 10, ಟೆಂಪಲ್ ಆಫ್ ಹೆವನ್ ಎಲ್ಲ ಸೇರಿದ ಟಿಕೆಟ್ 34, ಸಮ್ಮರ್ ಪ್ಯಾಲೇಸ್ ಬರೀ ಪ್ರವೇಶ 30, ಮುತಿಯಾನ್ಯು ಪ್ರವೇಶ, ಶಟಲ್, ಕೇಬಲ್ ಕಾರ್ ರಿಟರ್ನ್ ಸೇರಿ 200. ತಲೆಗೆ 334, ಮೂವರಿಗೆ 1,002. ಹಾಗಾದ್ರೆ ಮಿಕ್ಕ 3,600 ಗೈಡ್, ಕಾರು, ಊಟಕ್ಕೆ. ಅದನ್ನ ಮೂರು ಸಾಲಲ್ಲಿ ಬಿಡಿಸಿ ಬರೆದು ಕೊಡಿ ಅಂತ ಕೇಳಿ. ಬಿಡಿಸಿ ಕೊಡೋಕೆ ಹಿಂದೆಮುಂದೆ ನೋಡಿದ್ರೆ ಕಾರಣ ಸಾಮಾನ್ಯವಾಗಿ ಒಂದೇ, ಅಂಗಡಿಯ ಕಮಿಷನ್. ಟೀ ಸೆರಮನಿ, ಜೇಡ್ ‘ಮ್ಯೂಸಿಯಂ’, ರೇಷ್ಮೆ ‘ಕಾರ್ಖಾನೆ’, ಪಾದ ಮಸಾಜ್ ಮಾಡ್ತಾ ನಾಡಿ ನೋಡೋ ವೈದ್ಯರು, ಇವೆಲ್ಲ ಅಂಗಡಿಗಳೇ. ಪ್ರತಿಯೊಂದೂ 40 ನಿಮಿಷ ಅಂತ ಶುರುವಾಗಿ ಒಂದೂಕಾಲು ಗಂಟೆ ನುಂಗುತ್ತೆ. ‘ಯಾವ ಅಂಗಡಿಗೂ ನಿಲ್ಲಿಸುವುದಿಲ್ಲ’ ಅನ್ನೋ ಸಾಲು ಚಾಟ್‌ನಲ್ಲಿ ಬರಹದಲ್ಲೇ ಇರಲಿ.

ಮಂಗಳವಾರ ಕಾರೇ ಬೇಡ. ಅರಮನೆಯ ಉತ್ತರ ಬಾಗಿಲಿನ ಮುಂದೆ ಗಾಡಿ ನಿಲ್ಲಿಸೋಕೆ ಬಿಡಲ್ಲ. ಡ್ರೈವರ್ ಎಲ್ಲೋ ದೂರ ನಿಂತು ಫೋನ್ ಮಾಡ್ತಾ ಇರ್ತಾನೆ, ನೀವು ಅವನನ್ನ ಹುಡುಕ್ಕೊಂಡು ನಡೀತೀರಿ. ಮೆಟ್ರೊ 1ನೇ ಲೈನಿನ ತಿಯಾನನ್‌ಮೆನ್ ಪೂರ್ವ ನಿಲ್ದಾಣ, ಟೆಂಪಲ್‌ಗೆ 5ನೇ ಲೈನಿನ ತಿಯಾಂತಾನ್ ಡೊಂಗ್‌ಮೆನ್. ಅಪ್ಪನಿಗೆ ಮೆಟ್ರೊ ಮೆಟ್ಟಿಲು ಕಷ್ಟ ಆದ್ರೆ ಆ್ಯಪ್ ಟ್ಯಾಕ್ಸಿ. ಕಾರು ಸೋಮವಾರಕ್ಕೆ ಮಾತ್ರ, ಗೈಡ್ ಎರಡೂ ದಿನಕ್ಕೆ ಅಂತ ಹೊಸ ದರ ಕೇಳಿ.

ಗೈಡ್ ಬೇಕಾ ಅಂದ್ರೆ, ಗೋಡೆಗೆ ಅಷ್ಟೇನೂ ಬೇಡ, ಅರಮನೆಗೆ ಬೇಕೇ ಬೇಕು. ಗೋಡೆಯ ಮೇಲೆ ಗೈಡ್ ಹೇಳೋದು ಹತ್ತು ನಿಮಿಷದ ವಿಷಯ. ಅರಮನೆಯಲ್ಲಿ ಗೈಡ್ ಇಲ್ಲದವರು ನಡುದಾರಿಯಲ್ಲಿ ದಕ್ಷಿಣದಿಂದ ಉತ್ತರಕ್ಕೆ 960 ಮೀಟರ್ ನೇರ ನಡೆದು, ಒಂದೇ ಥರದ ಮೂರು ದೊಡ್ಡ ಛಾವಣಿ ನೋಡಿ, ಬಿಸಿಲಲ್ಲಿ ಬೆಂದು ಹೊರಗೆ ಬರ್ತಾರೆ. ಆ ನಡುದಾರಿಯಲ್ಲಿ ನೆರಳಿಲ್ಲ, ಕೂರೋಕೆ ಜಾಗ ಕಡಿಮೆ. ಒಳ್ಳೆ ಗೈಡ್ ಮಾಡೋ ಕೆಲಸ ಅಂದ್ರೆ ಯಾವಾಗ ಪಕ್ಕಕ್ಕೆ ತಿರುಗಬೇಕು ಅಂತ ಹೇಳೋದು.

ಗೈಡ್ ತಯಾರಾಗಿ ಬಂದಿದ್ದಾರಾ ಅಂತ ತಿಳ್ಕೊಳ್ಳೋಕೆ ಒಂದು ಪ್ರಶ್ನೆ ಸಾಕು. ತೈಹೆ ದಿಯಾನ್ ಅಂದ್ರೆ ಪಟ್ಟಾಭಿಷೇಕದ ದೊಡ್ಡ ಸಭಾಂಗಣದ ಛಾವಣಿ ಮೂಲೆಯಲ್ಲಿ ಸಾಲಾಗಿ ಕೂತಿರೋ ಪ್ರಾಣಿಗಳು ಎಷ್ಟು, ಯಾಕೆ? ಉತ್ತರ: 10. ಮುಂದೆ ಹಕ್ಕಿಯ ಮೇಲೆ ಕೂತವನನ್ನೂ ಹಿಂದಿನ ದೊಡ್ಡ ಡ್ರ್ಯಾಗನ್ ತಲೆಯನ್ನೂ ಲೆಕ್ಕಕ್ಕೆ ತಗೋಬಾರದು. ಚಕ್ರವರ್ತಿಯ ವಾಸದ ಚಿಯಾನ್‌ಚಿಂಗ್ ಅರಮನೆಗೆ 9, ಅದರ ಹಿಂದಿನ ರಾಣಿಯ ಅರಮನೆಗೆ 7. ಸಂಖ್ಯೆ ಅಂದ್ರೆ ದರ್ಜೆ. ಹತ್ತನೆಯದು ರೆಕ್ಕೆಯಿರೋ ಕೋತಿಯಂಥದ್ದು, ಅದು ಇರೋದು ಈ ಒಂದು ಛಾವಣಿಯ ಮೇಲೆ ಮಾತ್ರ. ಇದನ್ನ ಹೇಳದೆ ‘ಇಲ್ಲಿ 9,999 ಕೋಣೆ ಇವೆ’ ಅಂತ ಶುರು ಮಾಡಿದ್ರೆ, ಅದು ಕಥೆ. 1973ರಲ್ಲಿ ಎಣಿಸಿದಾಗ ಸಿಕ್ಕಿದ್ದು ಸುಮಾರು 8,700.

ಧಾರವಾಡ_ಮಳಿ

ಟಿಕೆಟ್ ಸಿಗದ ಗೈಡ್ ತಗೊಂಡ್ ಏನ್ ಮಾಡ್ತೀರಿ? ಮೊದ್ಲ ಟಿಕೆಟ್, ಆಮ್ಯಾಲ ಗೈಡಿಗೆ ಅಡ್ವಾನ್ಸ್.

ಫರ್ಬಿಡನ್ ಸಿಟಿ ಟಿಕೆಟ್ ಏಳು ದಿನ ಮೊದ್ಲ, ಅಲ್ಲಿನ ರಾತ್ರಿ 8ಕ್ಕ ಬಿಡ್ತಾರ. ನಮ್ಮ ಟೈಮಿಗೆ ಸಂಜಿ 5:30. ನಿಮಗ 14ನೇ ತಾರೀಖಿನ ಟಿಕೆಟ್ ಬೇಕಂದ್ರ 7ನೇ ತಾರೀಖು ಸಂಜಿ 5:30. ಬಾಗ್ಲದಾಗ ಟಿಕೆಟ್ ಕೌಂಟರ್ ಇರ್ತದ ಅಂತ ಹೋದ್ರ ಕೆಟ್ರಿ. ದಿನಕ್ಕ ಇಷ್ಟ ಜನ ಅಂತ ಮಿತಿ ಅದ, ಮುಗೀತಂದ್ರ ಮುಗೀತು. ಬೆಳಗಿನ ಸ್ಲಾಟ್ ಬ್ಯಾರೆ, ಮಧ್ಯಾಹ್ನದ್ದು ಬ್ಯಾರೆ. ಬೆಳಗಿಂದು ತಗೊಂಡ್ರ 12ರ ಒಳಗ ಒಳಗಿರಬೇಕು.

ಕಾಗದದ ಟಿಕೆಟ್ ಇಲ್ಲ. ಪಾಸ್‌ಪೋರ್ಟೇ ಟಿಕೆಟ್. ಜೆರಾಕ್ಸ್, ಫೋನಿನಾಗಿನ ಫೋಟೊ ನಡ್ಯಂಗಿಲ್ಲ, ಅಸಲಿನೇ ಬೇಕು. ಹೋಟೆಲ್ ಲಾಕರಿನಾಗ ಇಟ್ಟು ಬಂದ್ರ ವಾಪಸ್ ಹೋಗೂದ ಗತಿ.

ಇನ್ನೊಂದು ನಮ್ಮ ಕಡಿಯವ್ರಿಗೆ ಮಾತ್ರ ಬರೂ ತ್ರಾಸ. ನಮ್ಮ ಹಳೇ ಮಂದಿ ಪಾಸ್‌ಪೋರ್ಟಿನಾಗ ಸರ್‌ನೇಮ್ ಜಾಗ ಖಾಲಿ ಇರ್ತದ, ಇಲ್ಲಾ ಊರು, ಅಪ್ಪನ ಹೆಸರು, ಸ್ವಂತ ಹೆಸರು ಎಲ್ಲಾ ಒಂದ ಸಾಲಿನಾಗ ತುರುಕಿರ್ತಾರ. ಬುಕಿಂಗ್ ಫಾರ್ಮ್ ಸರ್‌ನೇಮ್ ಇಲ್ಲದ ಮುಂದ ಹೋಗಂಗಿಲ್ಲ. ಪಾಸ್‌ಪೋರ್ಟಿನ ಕೆಳಗ ಬಾಣದ ಗುರುತಿನ ಎರಡು ಸಾಲು ಇರ್ತಾವಲ್ಲ, ಅದರಾಗ ಹೆಸರು ಹ್ಯಾಂಗ ಬರದಾರ ಹಂಗ ತುಂಬ್ರಿ. ಬಾಗ್ಲದಾಗ ಮುಖ್ಯ ಹೊಂದಿಸಿ ನೋಡೂದು ಪಾಸ್‌ಪೋರ್ಟ್ ನಂಬರ್. ಒಂದು ಅಕ್ಷರ, ಏಳು ಅಂಕಿ, ಎರಡು ಸರ್ತಿ ಓದ್ರಿ. ಬುಕ್ ಮಾಡಿದ ಮ್ಯಾಲ ಪಾಸ್‌ಪೋರ್ಟ್ ರಿನ್ಯೂ ಮಾಡಿಸಿದ್ರ ಆ ಬುಕಿಂಗ್ ಸತ್ತಂಗ.

ಏಜೆಂಟ್ ‘ಟಿಕೆಟ್ ನಾನ ಮಾಡ್ತೀನಿ’ ಅಂದ್ರ 7ನೇ ತಾರೀಖು ರಾತ್ರಿನೇ ನಿಮ್ಮ ಮೂರೂ ನಂಬರ್ ಕಾಣೂ ಸ್ಕ್ರೀನ್‌ಶಾಟ್ ಕೇಳ್ರಿ. 13ಕ್ಕ ‘ಸಿಗಲಿಲ್ಲ ಸರ್’ ಅಂದ್ರ ನೀವೇನ್ ಮಾಡೂ ಹಂಗಿಲ್ಲ.

ಸಂಜೆರೈಲು

ಸೋಮವಾರದ ರಜೆ ನನ್ನ ತಲೆಗೇ ಹೊಳೆದಿರಲಿಲ್ಲ. ಏಜೆನ್ಸಿಗೆ ಕೇಳಿದೆ. ‘ಹೊರಗಿನಿಂದ ಚೆನ್ನಾಗಿ ಕಾಣುತ್ತೆ’ ಅಂತ ಉತ್ತರ ಬಂತು!

ಎರಡು ಸಂಶಯ. ಅರಮನೆ ಒಳಗೆ ಅಪ್ಪನಿಗೆ ಎಷ್ಟು ಮೆಟ್ಟಿಲು? ಅಮ್ಮನ ಊಟಕ್ಕೆ ಏನು ಮಾಡೋದು?

ಗೋಪುರದ_ಗೊಂಬೆ

ಹೊರಗಿನಿಂದ ಕಾಣೋದು 10 ಮೀಟರ್ ಎತ್ತರದ ಕೆಂಪು ಗೋಡೆ, ಸುತ್ತ ಕಂದಕ. ಅವರ ಉತ್ತರ ತಪ್ಪೇನಲ್ಲ ಬಿಡಿ.

ಅರಮನೆಗೆ ಒಳಗೆ ಹೋಗೋದು ದಕ್ಷಿಣದ ವೂಮೆನ್ ಬಾಗಿಲಿಂದ ಮಾತ್ರ. ಹೊರಗೆ ಬರೋದು ಉತ್ತರದ ಶೆನ್‌ವೂಮೆನ್ ಅಥವಾ ಪೂರ್ವದ ಡೊಂಗ್‌ಹುವಾಮೆನ್. ಒಮ್ಮೆ ಹೊರಗೆ ಬಂದ್ರೆ ಮತ್ತೆ ಒಳಗೆ ಬಿಡಲ್ಲ. ತಿಯಾನನ್‌ಮೆನ್ ಚೌಕ ಬೇರೆ ಲೆಕ್ಕ: ಅದಕ್ಕೆ ಪ್ರತ್ಯೇಕ ಬುಕಿಂಗ್, ಪ್ರತ್ಯೇಕ ತಪಾಸಣೆ ಸಾಲು. ತಂದೆಯ ನಡಿಗೆಯ ಬಂಡವಾಳವನ್ನ ಕಾಂಕ್ರೀಟ್ ಚೌಕದಲ್ಲಿ ಕಳೀಬೇಡಿ. ಅದನ್ನ ಕೈಬಿಟ್ಟು, ಪೂರ್ವದ ಕಡೆಯಿಂದ ಕಂದಕದ ದಂಡೆ ಹಿಡಿದು ವೂಮೆನ್‌ಗೆ ಬನ್ನಿ. 8 ಗಂಟೆಗೆ ಅಲ್ಲಿರಿ, 8:30ಕ್ಕೆ ಬಾಗಿಲು ತೆಗೀತಾರೆ.

ಮೂರು ದೊಡ್ಡ ಸಭಾಂಗಣಗಳು 8 ಮೀಟರ್ ಎತ್ತರದ ಮೂರು ಹಂತದ ಅಮೃತಶಿಲೆ ಜಗತಿಯ ಮೇಲಿವೆ. ಮೆಟ್ಟಿಲು ಅಲ್ಲಿಯೇ. ಅಪ್ಪ ಮೇಲೆ ಹತ್ತಲೇಬೇಕು ಅಂತಿಲ್ಲ, ಅಂಗಳದ ಪಕ್ಕದಿಂದ ಸಮತಟ್ಟಾಗಿ ದಾಟಬಹುದು. ಮೇಲೆ ಹತ್ತಿದವರಿಗೂ ಸಭಾಂಗಣದ ಒಳಗೆ ಪ್ರವೇಶ ಇಲ್ಲ. ಬಾಗಿಲಲ್ಲಿ ಜನರ ಭುಜದ ಸಂದಿಯಿಂದ ಸಿಂಹಾಸನ ಅರ್ಧ ಕಾಣುತ್ತೆ, ಅಷ್ಟಕ್ಕೆ ಹತ್ತು ನಿಮಿಷ ನೂಕಾಟ. ಗಾಲಿಕುರ್ಚಿಯೂ ಸಿಗುತ್ತೆ, ಠೇವಣಿ ಕಟ್ಟಬೇಕು. ಆದರೆ ನೆಲದ ಹಳೇ ಕಲ್ಲುಹಾಸು ಉಬ್ಬುತಗ್ಗು, ಹೊಸ್ತಿಲುಗಳು ಎತ್ತರ. 3–4 ಕಿ.ಮೀ. ನಡೆಯೋರಿಗೆ ಕುರ್ಚಿಗಿಂತ ಕೋಲು ವಾಸಿ.

ಹತ್ತದಿದ್ರೂ ತಪ್ಪಿಸಬಾರದ್ದು ಮೂರನೇ ಸಭಾಂಗಣ ಬಾವೊಹೆ ದಿಯಾನ್ ಹಿಂದಿನ ಇಳಿಜಾರಿನ ಕಲ್ಲು. ಉದ್ದ 16.57 ಮೀಟರ್, ಅಗಲ 3.07, ದಪ್ಪ 1.7, ತೂಕ 200 ಟನ್ನಿಗೂ ಮೇಲೆ, ಒಂದೇ ಬಂಡೆ. ಚಳಿಗಾಲದಲ್ಲಿ ದಾರಿಗೆ ನೀರು ಸುರಿದು, ಹೆಪ್ಪುಗಟ್ಟಿದ ಮಂಜಿನ ಮೇಲೆ ಎಳೆದು ತಂದದ್ದು. ಕೆಳಗೆ ನಿಂತೇ ಪೂರ್ತಿ ಕಾಣುತ್ತೆ.

ಅಲ್ಲಲ್ಲಿ ದೊಡ್ಡ ತಾಮ್ರದ ಹಂಡೆಗಳಿವೆ, ಬೆಂಕಿ ಬಿದ್ದರೆ ಅಂತ ನೀರು ತುಂಬಿಡ್ತಿದ್ದದ್ದು. ಚಳಿಗಾಲದಲ್ಲಿ ನೀರು ಗಟ್ಟಿಯಾಗದ ಹಾಗೆ ಅಡಿಯಲ್ಲಿ ಇದ್ದಲ ಉರಿಸ್ತಿದ್ರು. ಚಿನ್ನದ ಲೇಪ ಇದ್ದ ಹಂಡೆಗಳನ್ನ ಹತ್ತಿರದಿಂದ ನೋಡಿ: ಉದ್ದಕ್ಕೂ ಸಣ್ಣ ಸಣ್ಣ ಗೀರು. 1900ರಲ್ಲಿ ಬಂದ ಎಂಟು ದೇಶಗಳ ಸೈನಿಕರು ಬಯೊನೆಟ್‌ನಿಂದ ಚಿನ್ನ ಕೆರೆದ ಗುರುತು ಅಂತ ಗೈಡ್‌ಗಳು ತೋರಿಸ್ತಾರೆ. ಆ ಸೇನೆಯಲ್ಲಿ ಬ್ರಿಟನ್ನಿನ ಪಾಲು ಅಂತ ಬಂದವರಲ್ಲಿ ಬಹುಪಾಲು ಸಿಖ್, ರಜಪೂತ, ಪಂಜಾಬ್ ಪಡೆಗಳ ನಮ್ಮ ದೇಶದ ಸಿಪಾಯಿಗಳೇ. ಬ್ರಿಟಿಷ್ ಪಡೆ ಬಿಡಾರ ಹೂಡಿದ್ದು ಟೆಂಪಲ್ ಆಫ್ ಹೆವನ್‌ನಲ್ಲಿ. ಗೈಡ್ ಇದನ್ನ ಭಾರತೀಯರ ಮುಂದೆ ಸಂಕೋಚಕ್ಕೆ ಹೇಳದೇ ಇರಬಹುದು, ನೀವೇ ಕೇಳಿ.

ಆಮೇಲೆ ಬಲಕ್ಕೆ, ಈಶಾನ್ಯದ ಖಜಾನೆ ಗ್ಯಾಲರಿಗೆ ತಿರುಗಿ. 10 ಯುವಾನ್ ಹೆಚ್ಚಿಗೆ ಕೊಟ್ಟ ಮಾತ್ರಕ್ಕೆ ಜನ ಅರ್ಧಕ್ಕರ್ಧ ಕಡಿಮೆ. ಶುರುವಿನಲ್ಲೇ ಒಂಬತ್ತು ಡ್ರ್ಯಾಗನ್‌ಗಳ ಗೋಡೆ, 1772ರದ್ದು, 270 ಮೆರುಗಿನ ಹೆಂಚು ಜೋಡಿಸಿ ಮಾಡಿದ್ದು. ಎಡದಿಂದ ಮೂರನೆಯದು ಬಿಳಿ ಡ್ರ್ಯಾಗನ್. ಅದರ ಹೊಟ್ಟೆಯ ಒಂದು ತುಂಡು ಹೆಂಚಲ್ಲ, ಕೆತ್ತಿ ಬಣ್ಣ ಬಳಿದ ಮರ. ಸುಡುವಾಗ ಹೆಂಚು ಒಡೆದುಹೋಗಿ, ತಲೆ ಉಳಿಸ್ಕೊಳ್ಳೋಕೆ ಬಡಗಿ ರಾತ್ರೋರಾತ್ರಿ ಕೂರಿಸಿದ ಅನ್ನೋದು ಕಥೆ. ಮರ ಇರೋದು ಮಾತ್ರ ನಿಜ, ಬಣ್ಣ ಮಾಸಿ ಬೇರೆಯಾಗಿ ಕಾಣುತ್ತೆ.

ಒಟ್ಟು ಮೂರೂವರೆ ಗಂಟೆ ಇಟ್ಕೊಳ್ಳಿ. ಉತ್ತರ ಬಾಗಿಲಿನ ಎದುರು ಜಿಂಗ್‌ಶಾನ್ ಗುಡ್ಡ, ಟಿಕೆಟ್ 2 ಯುವಾನ್. ಕಂದಕ ತೋಡಿದ ಮಣ್ಣಿನ ರಾಶಿ ಅದು. 1644ರಲ್ಲಿ ಮಿಂಗ್ ವಂಶದ ಕೊನೆಯ ಚಕ್ರವರ್ತಿ ನೇಣು ಹಾಕ್ಕೊಂಡದ್ದೂ ಅಲ್ಲೇ. ಅಪ್ಪ ಕೆಳಗೆ ಬೆಂಚಿನ ಮೇಲೆ ಕೂರಲಿ, ನೀವಿಬ್ಬರು ಹತ್ತಿ ಬನ್ನಿ. ಹಳದಿ ಛಾವಣಿಗಳ ಪೂರ್ತಿ ಸಾಲು, ಊರಿನ ಉತ್ತರ-ದಕ್ಷಿಣ ನಡುಗೆರೆ, ಎಲ್ಲ ಒಟ್ಟಿಗೆ ಕಾಣೋದು ಅಲ್ಲಿಂದಲೇ. ಆ 7.8 ಕಿ.ಮೀ. ನಡುಗೆರೆಗೆ ಯುನೆಸ್ಕೊ ಪಟ್ಟ ಸಿಕ್ಕಿದ್ದು 2024ರ ಜುಲೈನಲ್ಲಿ, ನಮ್ಮ ದೆಹಲಿಯಲ್ಲಿ ನಡೆದ ಸಭೆಯಲ್ಲಿ.

ದಾರಿಬುತ್ತಿ

ಟೆಂಪಲ್ ಆಫ್ ಹೆವನ್ ವಿಷಯ. ಗೈಡ್‌ಗಳು ಸಾಮಾನ್ಯವಾಗಿ ದಕ್ಷಿಣ ಬಾಗಿಲಿಂದ ಶುರು ಮಾಡ್ತಾರೆ. ಮಧ್ಯದಲ್ಲಿ 360 ಮೀಟರ್ ಎತ್ತರಿಸಿದ ದಾರಿ. ಮಂಗಳವಾರ ಮಧ್ಯಾಹ್ನದ ಹೊತ್ತಿಗೆ ಆ ಮಂಡಿ ಅಷ್ಟಕ್ಕೆ ಒಪ್ಪಲ್ಲ. ಪೂರ್ವ ಬಾಗಿಲಿಂದ ಹೋಗಿ, ಸುಗ್ಗಿಯ ಪ್ರಾರ್ಥನಾ ಮಂದಿರ (ಆ ನೀಲಿ ಛಾವಣಿಯದು) ಅಲ್ಲಿಂದ ಹತ್ತಿರ. 38 ಮೀಟರ್ ಎತ್ತರ, 28 ಕಂಬ: ನಡುವಿನ 4 ಋತುಗಳಿಗೆ, ಅದರಾಚೆ 12 ತಿಂಗಳಿಗೆ, ಹೊರಗಿನ 12 ದಿನದ ಹನ್ನೆರಡು ಜಾವಗಳಿಗೆ. ಈಗಿರೋದು 1420ರ ಕಟ್ಟಡ ಅಲ್ಲ. 1889ರಲ್ಲಿ ಸಿಡಿಲು ಬಡಿದು ಸುಟ್ಟ ಮೇಲೆ ಮತ್ತೆ ಕಟ್ಟಿದ್ದು.

ಮಿಂಗ್ ಗೋರಿ ಕೈಬಿಡಿ. ತೆರೆದಿರೋ ದಿಂಗ್‌ಲಿಂಗ್ ನೆಲಮಾಳಿಗೆ 27 ಮೀಟರ್ ಆಳ, ಇಳಿದಷ್ಟೂ ಹತ್ತಬೇಕು. ಸೋಮವಾರ ಗೋಡೆಯಿಂದ 12ಕ್ಕೆ ಇಳಿದರೆ ಊಟ ಮುಗಿಸಿ 3ರ ಹೊತ್ತಿಗೆ ಸಮ್ಮರ್ ಪ್ಯಾಲೇಸ್. ಆ ಉದ್ಯಾನ ಸೋಮವಾರವೂ ತೆರೆದಿರುತ್ತೆ, ಒಳಗೆ ಬೇರೆ ಟಿಕೆಟ್ ಇರೋ ಜಾಗಗಳಿಗೆ ರಜೆ. ಹಾಗಾಗಿ 60ರ ಕಾಂಬೊ ಯಾರೇ ಹೇಳಿದರೂ ಬೇಡ, 30ರದ್ದು ಸಾಕು. ಪೂರ್ವ ಬಾಗಿಲಿಂದ ಹೋಗಿ, 728 ಮೀಟರ್ ಉದ್ದದ ಚಿತ್ರಗಳ ಮೊಗಸಾಲೆಯಲ್ಲಿ ನಿಧಾನ ನಡೆದು, ಅಮೃತಶಿಲೆಯ ದೋಣಿ ಹತ್ತಿರದಿಂದ ನಿಜವಾದ ದೋಣಿ ಹತ್ತಿ ಕೆರೆ ದಾಟಿ. ಸಮತಟ್ಟು, ನೆರಳು, ಪಕ್ಕದಲ್ಲೇ ಕೂರೋಕೆ ಕಟ್ಟೆ. ಗೋಡೆ ಹತ್ತಿಳಿದ ಕಾಲಿಗೆ ಬೇಕಾದ್ದು ಅದೇ. ಗಾಳಿ ಜೋರಿದ್ದರೆ ದೋಣಿ ನಿಲ್ಲಿಸ್ತಾರೆ, ಆಗ ಬಂದ ದಾರಿಯಲ್ಲೇ ವಾಪಸ್.

ಅಂಜಲಿಪುಡಿ

ಊಟದ ಬಗ್ಗೆ. ‘ವೆಜ್’ ಅಂದ್ರೆ ಅರ್ಥ ಆಗಲ್ಲ, ಅರ್ಥ ಆದ್ರೂ ‘ಮಾಂಸದ ತುಂಡು ಇಲ್ಲ’ ಅಂತ ಮಾತ್ರ. ಹುರುಳಿಕಾಯಿ ಪಲ್ಯದಲ್ಲಿ ಹಂದಿ ಕೈಮಾ, ಮಾಪೊ ತೋಫುವಿನಲ್ಲೂ ಕೈಮಾ, ಸೊಪ್ಪಿನ ಮೇಲೆ ಆಯ್ಸ್ಟರ್ ಸಾಸ್, ಎಲ್ಲದರಲ್ಲೂ ಕೋಳಿಯ ಪುಡಿ. ಗೈಡ್ ಕೈಲಿ ಮೊದಲ ದಿನವೇ ಚೀನಿ ಲಿಪಿಯಲ್ಲಿ ಒಂದು ಚೀಟಿ ಬರೆಸಿ: ಮಾಂಸ, ಮೀನು, ಮೊಟ್ಟೆ, ಆಯ್ಸ್ಟರ್ ಸಾಸ್, ಕೋಳಿ ಪುಡಿ ಬೇಡ. ಅದನ್ನ ಅಮ್ಮನ ಫೋನಲ್ಲೂ ಇಡಿ, ಗೈಡ್ ಸಂಜೆ ಮನೆಗೆ ಹೋಗ್ತಾರೆ. ಹುಳಿಖಾರದ ಎಳೆ ಆಲೂಗಡ್ಡೆ ಪಲ್ಯ, ಆಲೂ-ಬದನೆ-ದಪ್ಪಮೆಣಸಿನಕಾಯಿಯ ‘ದಿ ಸಾನ್ ಶಿಯಾನ್’, ಬಿಳಿ ಅನ್ನ, ಈ ಮೂರು ಎಲ್ಲ ಕಡೆ ಇರುತ್ತೆ. ಬೌದ್ಧ ಸಸ್ಯಾಹಾರಿ ಹೋಟೆಲ್‌ಗಳಲ್ಲಿ ಈರುಳ್ಳಿ ಬೆಳ್ಳುಳ್ಳಿಯೂ ಇರಲ್ಲ, ಲಾಮಾ ಟೆಂಪಲ್ ಸುತ್ತಮುತ್ತ ನೋಡಿ. ಗೋಡೆಯ ದಿನಕ್ಕೆ ಚಟ್ನಿಪುಡಿ, ಗೊಜ್ಜವಲಕ್ಕಿ ಮಿಕ್ಸ್ ಕಟ್ಕೊಳ್ಳಿ. ಬಿಸಿನೀರು ಎಲ್ಲಿ ಕೇಳಿದ್ರೂ ಕೊಡ್ತಾರೆ. ಹಣ್ಣು, ಹಾಲಿನ ಸ್ವೀಟ್ ಕಸ್ಟಮ್ಸ್‌ನಲ್ಲಿ ಕಿತ್ಕೊಳ್ತಾರೆ, ತರಬೇಡಿ.

ದುಡ್ಡಿಗೆ ಚೀನಾದ ಪಾವತಿ ಆ್ಯಪ್ ಅಲಿಪೇ ಹಾಕ್ಕೊಂಡು ಬೆಂಗಳೂರಲ್ಲೇ ವೀಸಾ ಕಾರ್ಡ್ ಅಥವಾ ಮಾಸ್ಟರ್‌ಕಾರ್ಡ್ ಜೋಡಿಸಿ, ಪಾಸ್‌ಪೋರ್ಟ್ ದೃಢೀಕರಣವೂ ಮುಗಿಸಿ. ರುಪೇ ನಂಬ್ಕೊಂಡು ಹೋಗಬೇಡಿ. 200 ಯುವಾನ್ ಮೀರಿದ ಪಾವತಿಗೆ 3% ಶುಲ್ಕ, ಅದರ ಕೆಳಗೆ ಇಲ್ಲ. ಹೋಟೆಲ್ ವೈಫೈನಲ್ಲಿ ವಾಟ್ಸ್ಆ್ಯಪ್, ಗೂಗಲ್ ನಡೆಯಲ್ಲ. ಊರಿನ ಸಿಮ್ ರೋಮಿಂಗ್‌ನಲ್ಲಿ ನಡೆಯುತ್ತೆ.

ಹೊಸಬ_ಸಿಂಗಾಪುರ

ಮಧ್ಯೆ ಬರ್ತಿದೀನಿ, ಕ್ಷಮಿಸಿ. ನಂದು ಭಾರತದ ಪಾಸ್‌ಪೋರ್ಟ್, ಸಿಂಗಾಪುರದಲ್ಲಿ ಪಿಆರ್ (ಖಾಯಂ ನಿವಾಸಿ). 240 ಗಂಟೆಯ ವೀಸಾ ಇಲ್ಲದ ಟ್ರಾನ್ಸಿಟ್‌ನಲ್ಲಿ ಇದೇ ಪ್ಲಾನ್ ಮಾಡಬಹುದಾ?

ದಾರಿಬುತ್ತಿ

ಆಗಲ್ಲ. ಅದು 55 ದೇಶಗಳ ಪಾಸ್‌ಪೋರ್ಟಿಗೆ, ಭಾರತ ಅದರಲ್ಲಿಲ್ಲ. ಪಿಆರ್ ಲೆಕ್ಕಕ್ಕೆ ಬರಲ್ಲ. ಅಮೆರಿಕ ಪಾಸ್‌ಪೋರ್ಟ್ ಇರೋ ನೆಂಟರಿಗೆ ಆಗುತ್ತೆ, ಅವರೂ ಮೂರನೇ ದೇಶಕ್ಕೆ ಮುಂದಿನ ಟಿಕೆಟ್ ತೋರಿಸಬೇಕು. ನೀವು ಪ್ರವಾಸಿ ವೀಸಾ ಮಾಡಿಸಿ.

ಸಂಜೆರೈಲು

ಏಜೆನ್ಸಿ ಬಿಟ್ಟೆ. ಬೇರೆ ಗೈಡ್ ಸಿಕ್ಕಿದ್ದಾರೆ: ಎರಡು ದಿನ ಗೈಡ್, ಸೋಮವಾರ ಮಾತ್ರ ಕಾರು, ಅಂಗಡಿ ಇಲ್ಲ ಅಂತ ಬರೆದು ಕೊಟ್ಟಿದ್ದಾರೆ. ಛಾವಣಿಯ ಪ್ರಾಣಿ ಎಷ್ಟು ಅಂತ ಕೇಳಿದ್ದಕ್ಕೆ ‘ಯಾವ ಛಾವಣಿ?’ ಅಂತ ತಿರುಗಿ ಕೇಳಿದ್ರು.

ಗೋಪುರದ_ಗೊಂಬೆ

ಅಡ್ವಾನ್ಸ್ ಕೊಡಿ. ಆದರೆ 7ನೇ ತಾರೀಖು ಟಿಕೆಟ್ ಸಿಕ್ಕ ಮೇಲೆ ಕೊಡ್ತೀನಿ ಅಂತ ಹೇಳಿ, ಒಪ್ಪುತ್ತಾರೆ.

ಧಾರವಾಡ_ಮಳಿ

ಆ ದಿನ 5:20ಕ್ಕ ಲಾಗಿನ್ ಆಗಿ ಕೂಡ್ರಿ. ಮೂರೂ ಮಂದಿ ಹೆಸರು, ಪಾಸ್‌ಪೋರ್ಟ್ ನಂಬರ್ ಮುಂಚಿತನ ಸೇವ್ ಮಾಡಿ ಇಡ್ರಿ. 5:30ಕ್ಕ ಟೈಪ್ ಮಾಡ್ಕೋತ ಕೂತ್ರ ಬೆಳಗಿನ ಸ್ಲಾಟ್ ಹೋಗಿರ್ತದ. ಖಜಾನಿ ಗ್ಯಾಲರಿ 10 ಯುವಾನಿಂದೂ ಆವಾಗ್ಲೇ ಟಿಕ್ ಮಾಡ್ರಿ.